ಎಣ್ಣೆ ಕಾಣದ ರಾಟೆ

ಕರೆಂಟು ಹೋದ ಮೇಲೆ ಆ ಬಾವಿಗೆ ಗಿಳಿಯಕ್ಕನೇ ಮೋಟಾರು. ಮೋಟಾರಿಗಾದರೆ ಬಿಸಿಯಾದ ಕೂಡಲೇ ಬಿಡುವು ಸಿಗುತ್ತಿತ್ತು. ಇವಳ ಅಂಗೈಯ ಬೊಬ್ಬೆ ಒಡೆದು ಹಗ್ಗಕ್ಕೆ ಅಂಟಿಕೊಂಡರೂ ಆರಿಸುವ ಸ್ವಿಚ್ಚಿರಲಿಲ್ಲ.

ಮುಂದಿನ ದೊಡ್ಡ ಮನೆ ಓನರ್‌ದು. ಹಿತ್ತಲಲ್ಲಿ ಬಾವಿ, ಬಾವಿಯಾಚೆ ಬೆಂಕಿಪೆಟ್ಟಿಗೆ ಜೋಡಿಸಿದ ಹಾಗೆ ಬಾಡಿಗೆ ಕೋಣೆಗಳು. ಅಂಗಳ ಗುಡಿಸುವ ಲೆಕ್ಕಕ್ಕೆ ಕೊನೆಯ ಕೋಣೆ ಗಿಳಿಯಕ್ಕನಿಗೆ ಸಿಕ್ಕಿತ್ತು. ಯಾರ ದನಿ ಕೇಳಿದರೂ ಹಾಗೇ ಆಡಿ ತೋರಿಸುತ್ತಾಳೆಂದು ಆ ಹೆಸರು. ಟ್ರಾನ್ಸ್‌ಫಾರ್ಮರ್ ಸುಟ್ಟ ದಿನವೇ ಓನರ್ ಹೊಸ ಕಾನೂನು ತಂದ: ಬಾವಿ ಪಕ್ಕದ ತನ್ನ ಸಿಮೆಂಟ್ ತೊಟ್ಟಿ ತುಂಬುವವರೆಗೆ ಬೇರೆಯವರಿಗೆ ನೀರಿಲ್ಲ. ತೊಟ್ಟಿಯಿಂದ ಕೊಳವೆ ನೇರ ಅವನ ಬಚ್ಚಲಿಗೆ. ಅದು ತುಂಬುವ ಹೊತ್ತಿಗೆ ಬಾವಿಯಲ್ಲಿ ಉಳಿಯುತ್ತಿದ್ದದ್ದು ಕೆಸರು.

ಕಾವಲಿಗೆ ಅವನು ಹೊರಗೆ ಬರಬೇಕಿರಲಿಲ್ಲ. ಫ್ಯಾನು, ಟೀವಿ ಎರಡೂ ಸತ್ತ ಮನೆಯೊಳಗೆ ರಾಟೆಯ ಕೀರಲು ದನಿ ಚೆನ್ನಾಗಿ ಕೇಳುತ್ತಿತ್ತು. ದನಿ ನಿಂತರೆ ಕಿಟಕಿಯಿಂದ ಗದರಿಕೆ. ಬಾಡಿಗೆಗಿದ್ದ ಪಂಕ್ಚರ್ ಅಂಗಡಿಯ ಅಣ್ಣ ಒಮ್ಮೆ ರಾಟೆಗೆ ಎಣ್ಣೆ ಬಿಡಲು ಹೋದಾಗ ಓನರ್, "ಎಣ್ಣೆ ಬಿಟ್ರೆ ಕೋಣೆನೂ ಬಿಡು" ಅಂದಿದ್ದ.

ಆ ಬೆಳಿಗ್ಗೆ ಗಿಳಿಯಕ್ಕನ ಮೊಮ್ಮಗುವಿಗೆ ವಾಂತಿ, ಭೇದಿ. ಮಗಳು ಬಾಗಿಲಲ್ಲಿ ನಿಂತು ಕೂಗಿದಳು.

"ಅಮ್ಮಾ, ಒಂದು ಹನಿ ಇಲ್ಲ! ನೀರು ಕುದಿಸಿ ಕುಡಿಸು ಅಂದಿದ್ದಾರೆ ಡಾಕ್ಟ್ರು. ಏನ್ ಕುದಿಸ್ಲಿ, ನನ್ನ ತಲೇನಾ?"

ಗಿಳಿಯಕ್ಕ ಹಗ್ಗ ಬಿಟ್ಟು ಓನರ್ ಕಿಟಕಿಗೆ ಹೋದಳು.

"ಸ್ವಾಮಿ, ಮಗೂಗೆ ಹುಷಾರಿಲ್ಲ. ಒಂದು ಬಿಂದಿಗೆ ತಗೊಂಡು ಹೋಗ್ತೀನಿ."

"ತೊಟ್ಟಿ ತುಂಬ್ಲಿ. ಆಮೇಲೆ ಬಾವೀನೇ ನಿಂದು."

"ಆಮೇಲೆ ಇರೋದು ಬರೀ ಕೆಸರು."

"ಸೋಸ್ಕೋ. ಸೆರಗಿಲ್ವಾ? ನಂಗೆ ಸ್ನಾನ ಆಗ್ಬೇಕು, ಕಾರು ತೊಳೀಬೇಕು. ನಡಿ, ರಾಟೆ ಕೂಗ್ಲಿ!"

ಬಾವಿಗೆ ಹಿಂದಿರುಗಿದಳು. ಕೈ ಹಗ್ಗಕ್ಕೆ ಹೋಗಲಿಲ್ಲ. ಕಿಟಕಿಯತ್ತ ತಿರುಗಿ ಬಾಯಿ ತೆರೆದಳು. ಬರಬೇಕಿದ್ದದ್ದು ಬೈಗುಳ, ಬಂದದ್ದು ಬೇರೆ.

"ಕಿರ್ರ್... ಕೀಂಯ್... ಕಿರ್ರ್..."

"ಹಾಂ, ಹಾಗೆ ದಾರಿಗೆ ಬಾ" ಅಂದಿತು ಕಿಟಕಿ.

ಹಲ್ಲುಜ್ಜುತ್ತಿದ್ದ ಪಂಕ್ಚರ್ ಅಣ್ಣ ಬಾಯಿ ಬಿಟ್ಟುಕೊಂಡೇ ನಿಂತ. ರಾಟೆ ನಿಂತಿದೆ, ಕೂಗು ನಡೆದಿದೆ. ಗಿಳಿಯಕ್ಕ ಕೂಗುತ್ತಲೇ ಕಣ್ಣಲ್ಲಿ ರಾಟೆ ತೋರಿಸಿದಳು. ಅವನು ಓಡಿಹೋಗಿ ಎಣ್ಣೆ ಡಬ್ಬಿ ತಂದ.

ಎಣ್ಣೆ ಕಂಡ ರಾಟೆ ಬೆಕ್ಕಿನ ಹಾಗೆ ಸದ್ದಿಲ್ಲದೆ ಉರುಳಿತು. ಪಕ್ಕದ ಕೋಣೆಯ ಟೈಲರ್ ಹೆಂಡತಿ ಬಂದು ಹಗ್ಗ ಹಿಡಿದಳು. ಮೊದಲ ಬಿಂದಿಗೆ ಗಿಳಿಯಕ್ಕನ ಮಗಳ ಸೊಂಟಕ್ಕೆ. ಆಮೇಲೆ ಕೋಣೆ ಕೋಣೆಯಿಂದ ಕೊಡ, ಬಕೆಟ್ಟು, ಬೇಯಿಸುವ ಪಾತ್ರೆ, ಎಲ್ಲವೂ ಉಸಿರು ಬಿಗಿಹಿಡಿದು ಬಂದವು. ತೊಟ್ಟಿ ತುಂಬುವ ಸದ್ದು ಓನರ್ ಕಿವಿಗೆ ಬೀಳಲೆಂದು ಪಂಕ್ಚರ್ ಅಣ್ಣ ಅದರ ತಳದ ನೀರನ್ನೇ ಚೊಂಬಿನಲ್ಲಿ ಎತ್ತಿ ಎತ್ತಿ ತೊಟ್ಟಿಗೇ ಧಬಧಬ ಸುರಿದ. ಕೊನೆಗೆ ಅದನ್ನೂ ತನ್ನ ಬಕೆಟ್ಟಿಗೆ ತುಂಬಿಕೊಂಡ. ಗಿಳಿಯಕ್ಕ ಕಟ್ಟೆಯ ಮೇಲೆ ಕೂತು ಕಿರ್ರ್ ಅನ್ನುತ್ತಲೇ ಇದ್ದಳು. ಗಂಟಲಲ್ಲಿ ರಕ್ತದ ರುಚಿ ಬಂದರೂ ನಿಲ್ಲಿಸಲಿಲ್ಲ.

ಒಳಗೆ ಓನರ್ ಬಚ್ಚಲು ಸೇರಿದ್ದ. ಕೊಳವೆಯಲ್ಲಿ ಉಳಿದಿದ್ದ ನೀರು ಮೈ ನೆನೆಯುವಷ್ಟು ಬಂತು. ಸೋಪು ಹಚ್ಚಿಕೊಂಡು ಮತ್ತೆ ತಿರುಗಿಸಿದರೆ ನಲ್ಲಿ ಕೆಮ್ಮಿತು, ಸುಮ್ಮನಾಯಿತು.

ಟವೆಲ್ ಸುತ್ತಿಕೊಂಡು, ಕಣ್ಣು ಮುಚ್ಚಿಕೊಂಡೇ ಹಿತ್ತಲಿಗೆ ನುಗ್ಗಿದ.

"ಏಯ್! ಇಷ್ಟೊತ್ತು ಎಳೆದ ನೀರೆಲ್ಲಿ?"

"ಕುದೀತಾ ಇದೆ ಸ್ವಾಮಿ." ಗಿಳಿಯಕ್ಕನ ದನಿ ಒಡೆದಿತ್ತು.

"ಇವತ್ತೇ ಕೋಣೆ ಖಾಲಿ ಮಾಡು!"

"ಅವಳೊಬ್ಬಳೇ ಯಾಕೆ?" ಟೈಲರ್ ಹೆಂಡತಿ ಕೇಳಿದಳು. "ಎಲ್ರನ್ನೂ ಖಾಲಿ ಮಾಡ್ಸಿ. ಆಮೇಲೆ ನಿಮ್ಮ ತೊಟ್ಟಿ ತುಂಬ್ಸೋಕೆ ನಿಮ್ಮ ಕಾರು ಬರುತ್ತಾ?"

ಕೋಣೆಗಳ ಸಾಲಿನಲ್ಲಿ ಯಾರೋ ನಕ್ಕರು. ಯಾರೋ "ಕಿರ್ರ್" ಅಂದರು. ಇನ್ನೊಬ್ಬರು "ಕೀಂಯ್" ಅಂದರು. ಓನರ್ ದನಿ ಬಂದ ಕಡೆಗೆಲ್ಲ ಕುರುಡಾಗಿ ತಿರುಗಿದ.

"ಮೊದ್ಲು ಒಂದು ಕೊಡ ಎಳೀರೋ! ಕಣ್ಣು ಉರೀತಿದೆ!"

ಗಿಳಿಯಕ್ಕ ಎದ್ದಳು. ಟೈಲರ್ ಹೆಂಡತಿಯಿಂದ ಹಗ್ಗ ತೆಗೆದುಕೊಂಡು, ಸೋಪಿನ ನೊರೆ ಮೆತ್ತಿದ ಅವನ ಮೆತ್ತನೆಯ ಅಂಗೈಗೆ ಇಟ್ಟಳು. ಆಮೇಲೆ ಅವನದೇ ದನಿಯಲ್ಲಿ, ಅವನ ಹಾಗೇ ರಾಗ ಎಳೆದು ಹೇಳಿದಳು:

"ಆಮೇಲೆ ಬಾವೀನೇ ನಿಂದು... ಎಳೀರಿ ಸ್ವಾಮಿ. ಸದ್ದು ನಾವು ಮಾಡ್ತೀವಿ."