ಮುಯ್ಯಿಗೆ ಕೊಟ್ಟ ಓಟು

ಶಿವಮೂರ್ತಿಯ ಬುಲೆಟ್ಟು ಕಾಲೋನಿಯ ಬೀದಿಗೆ ಬಂದದ್ದು ಅವತ್ತೇ ಮೊದಲು. ಅದರ ಸದ್ದಿಗೆ ಕೋಳಿಗಳು ಚದುರಿದವು, ಹೆಂಗಸರು ಬಾಗಿಲಿಗೆ ಬಂದರು. ಗಾಡಿ ನಿಂತದ್ದು ರೇವತಿಯ ಮನೆಯ ಮುಂದೆ.

“ಮೆಂಬರಮ್ಮ ಅವ್ರಾ?”

ರೇವತಿ ಹಿಟ್ಟಿನ ಕೋಲನ್ನು ಕೈಯಲ್ಲಿ ಹಿಡಿದೇ ಹೊರಗೆ ಬಂದಳು. ಇಷ್ಟು ವರ್ಷ ಇದೇ ಬಾಯಿ ಅವಳನ್ನು ‘ಏ ಬೊಮ್ಮಿ ಸೊಸೆ’ ಎಂದು ಕರೆಯುತ್ತಿತ್ತು. ಹನ್ನೊಂದು ಓಟಿನ ಅಂತರದಲ್ಲಿ ಗೆದ್ದು ಪಂಚಾಯಿತಿ ಮೆಂಬರಾದ ಮೇಲೂ ಮೀಟಿಂಗಿನಲ್ಲಿ ಅವಳು ಬಾಗಿಲ ಪಕ್ಕದ ಕುರ್ಚಿ ಬಿಟ್ಟು ಮುಂದಕ್ಕೆ ಹೋದವಳಲ್ಲ, ಬಾಯಿ ಬಿಟ್ಟವಳಲ್ಲ. ಈಗ ನೋಡಿದರೆ ಊರಿನ ಲೆಕ್ಕವೇ ಅವಳ ಅಂಗಳಕ್ಕೆ ಬಂದು ನಿಂತಿತ್ತು. ಪಂಚಾಯಿತಿಯಲ್ಲಿ ಮೆಂಬರುಗಳು ಏಳು ಜನ. ಶಿವಮೂರ್ತಿಯೂ ಸೇರಿ ಅವನ ಕಡೆ ಮೂವರು, ರಾಚಪ್ಪನೂ ಸೇರಿ ಅವನ ಕಡೆ ಮೂವರು, ಉಳಿದವಳು ಇವಳೊಬ್ಬಳು. ಈ ಏಳರಲ್ಲಿ ಸೇರದ ಅಧ್ಯಕ್ಷೆ ಮಾದೇವಮ್ಮ ಇಬ್ಬರಿಗೂ ನೆಂಟರು, ಹಾಗಾಗಿ ನಾನು ಯಾರ ಕಡೆಗೂ ಕೈ ಎತ್ತುವುದಿಲ್ಲ ಎಂದು ಮೊದಲೇ ಹೇಳಿಬಿಟ್ಟಿದ್ದರು. ವರ್ಷಕ್ಕೆ ಬರುವ ನಿಧಿ ಒಂದೇ ಕೆಲಸಕ್ಕೆ ಸಾಕು. ಕೇಳುವ ಕೆಲಸಗಳು ಮೂರು.

“ಈ ಸಲ ತರಕಾರಿ ಶೆಡ್ಡಿಗ ಕೈ ಎತ್ತವ್ವ,” ಎಂದ ಶಿವಮೂರ್ತಿ. “ಕೋಸು, ಟೊಮ್ಯಾಟೊ ಎಲ್ಲಾ ಲಾರಿ ಕಾಯ್ತಾ ಬಿಸ್ಲಲ್ಲಿ ಬಾಡೋಯ್ತವ. ಬರೋ ವರ್ಸ ನಿಮ್ಮ ನೀರಿನ ಟ್ಯಾಂಕು. ಮಾತು ಅಂದ್ರ ಮಾತು.”

ರೇವತಿ ಕೋಲಿಗಂಟಿದ ಹಿಟ್ಟನ್ನು ಬೆರಳಲ್ಲಿ ಬಿಡಿಸಿದಳು. ಅವನು ಗಾಡಿ ಒದ್ದು ಎಬ್ಬಿಸಿ, ಹೊರಡುವಾಗ ನಗುತ್ತಲೇ ಕೇಳಿದ: “ನಮ್ಮ ಮೋಟ್ರಲ್ಲಿ ನೀರು ಚೆನ್ನಾಗಿ ಬತ್ತಾ ಅದಾ?”

ಕಾಲೋನಿಯ ಕೈಪಂಪು ಒಣಗಿ ಮೂರು ವರ್ಷ. ಬೆಳಿಗ್ಗೆ ಶಿವಮೂರ್ತಿಯ ಹೊಲದಂಚಿನಲ್ಲಿ ಅರ್ಧ ಗಂಟೆ ಮೋಟರು ಓಡಿದರೆ ನಲವತ್ತು ಮನೆಯ ಬಿಂದಿಗೆ ತುಂಬುತ್ತವೆ. ಓಡದಿದ್ದರೆ ಇಲ್ಲ. ಹೋದ ಬೇಸಗೆಯಲ್ಲಿ ಕೂಲಿ ಜಾಸ್ತಿ ಕೇಳಿದ್ದಕ್ಕೆ ನಾಲ್ಕು ದಿನ ಓಡಿರಲಿಲ್ಲ.

ಮಧ್ಯಾಹ್ನ ಮಂಚಮ್ಮನ ತುಂಡು ಹೊಲದಲ್ಲಿ ರಾಗಿ ಕೊಯ್ಲು. ಬೀದಿಯವರೆಲ್ಲ ಮುಯ್ಯಾಳಾಗಿ ಬಂದಿದ್ದರು; ಇವತ್ತು ನಿನ್ನ ಹೊಲಕ್ಕೆ ನಾನು, ನಾಳೆ ನನ್ನ ಹೊಲಕ್ಕೆ ನೀನು. ಅಲ್ಲಿಗೇ ರಾಚಪ್ಪ ಬಂದ. ಅವನ ಭೂಮಿ ಕಾಡಂಚಿನಲ್ಲಿ. ಆನೆ ದಾಟುವ ದಾರಿಯಲ್ಲಿ ದೀಪ ಹಾಕಿಸಬೇಕೆಂದು ಅವನ ಹಟ. ರೇವತಿಯನ್ನು ಬದುವಿಗೆ ಕರೆದು ಪಿಸುಗುಟ್ಟಿದ: “ಈ ಸಲ ದೀಪಕ್ಕ ಕೈ ಎತ್ತು ಮಗಾ. ಬರೋ ವರ್ಸ ನಿಮ್ಮ ಟ್ಯಾಂಕು.”

ಅವಳು ನಗು ತಡೆಯಲಾಗದೆ ಸೆರಗು ಬಾಯಿಗೆ ಒತ್ತಿಕೊಂಡಳು. ಒಬ್ಬರ ಮುಖ ಒಬ್ಬರು ನೋಡದವರು, ಸುಳ್ಳು ಮಾತ್ರ ಒಂದೇ ಅಂಗಡಿಯಲ್ಲಿ ತಂದಿದ್ದರು!

“ಯೋಚ್ನ ಮಾಡಿ ಯೋಳ್ತಿನಿ,” ಎಂದು ಸಾಲಿಗೆ ಮರಳಿದಳು. ಪಕ್ಕದಲ್ಲಿ ಅತ್ತೆ ಬೊಮ್ಮಮ್ಮ ತೆನೆ ಹಿಡಿದು ಸರಸರ ಕೊಯ್ಯುತ್ತಿದ್ದಳು.

“ಅತ್ತ, ನಾಳ ಯಾರ ಒಲ?”

“ನಮ್ದು. ಆಮೇಲ ಕೆಳಗಲ ಮನೆಯೋರ್ದು. ಚಿಕ್ಕಮಾದನ್ದು ಕೊನೀಗ.”

“ಅವನ್ದು ಎರಡೂವರೆ ಎಕ್ಕರ ಅದ. ಯಾವಾಗ್ಲೂ ಅವನ್ನೇ ಯಾಕ ಕೊನೀಗ ಇರಿಸ್ತಿರಿ?”

ಬೊಮ್ಮಮ್ಮ ಸೊಂಟ ನೆಟ್ಟಗೆ ಮಾಡಿದಳು. “ಬಿಎ ಓದಿವ್ನಿ ಅಂತೀಯ! ದೊಡ್ಡ ಒಲದೋನ್ಗ ಮೊದ್ಲು ಕುಯ್ದುಕೊಟ್ಟುಬುಟ್ರ, ಆಮೇಲ ಅವನ್ಗ ನಮ್ಮ ಗೊಡವ ಯಾಕ? ಕೊನೀಗ ಇರಿಸಿದ್ರ ಕೊನೀಗಂಟ ಬತ್ತನ. ಇಲ್ದೋರ್ದು ಮೊದ್ಲು, ಇದ್ದೋನ್ದು ಕೊನೀಗ.”

“ನನ್ನ ಮುಂದೇನೆ ಯೋಳ್ತಳಲ್ಲಪ್ಪ ಈ ಮುದ್ಕಿ!” ಎಂದು ಆಚೆ ಸಾಲಿನಿಂದ ಚಿಕ್ಕಮಾದ ಕೂಗಿದ. ಹೊಲವೆಲ್ಲ ನಕ್ಕಿತು.

ರೇವತಿ ನಗಲಿಲ್ಲ. ಅವಳ ಕುಡುಗೋಲು ನಿಂತುಬಿಟ್ಟಿತ್ತು. ಎಲ್ಲ ಇಲ್ಲೇ ಇತ್ತಲ್ಲ, ಕಣ್ಣ ಮುಂದೆ! ರಾಚಪ್ಪ ಆಗಲೇ ತನ್ನ ಗಾಡಿಯ ಹತ್ತಿರ ಹೋಗಿದ್ದ. ಕುಡುಗೋಲು ಬಿಸುಟು ಅವಳು ಓಡಿದಳು. ಕೂಳೆ ಕಾಲಿಗೆ ಚುಚ್ಚುತ್ತಿದೆ, ಸೆರಗು ಜಾರುತ್ತಿದೆ, ಮೀಟಿಂಗಿನಲ್ಲಿ ಕೆಮ್ಮಲೂ ನಾಚುವ ಹುಡುಗಿ ಊರಿನ ಮುಂದೆ “ಅಣ್ಣಾ, ನಿಲ್ಲಿ!” ಎಂದು ಕೂಗುತ್ತ ಓಡುತ್ತಿದ್ದಾಳೆ.

“ಈ ವರ್ಸ ಟ್ಯಾಂಕು,” ಎಂದಳು ಏದುಸಿರಿನಲ್ಲಿ. “ನೀವು ಮೂರೂ ಜನ ಕೈ ಎತ್ತಿ. ಬರೋ ವರ್ಸ ದೀಪ, ನನ್ನ ಓಟು ನಿಮ್ದು. ಇದು ಮುಯ್ಯಿ.”

“ಅಯ್ಯೋ, ನಾನು ಕೇಳಿದ್ದೇನು, ನೀನು ಯೋಳೋದೇನು?”

“ನಾನು ಕೈ ಎತ್ತದಿದ್ರ ನಿಮ್ಮ ದೀಪ ಈ ವರ್ಸವೂ ಇಲ್ಲ, ಬರೋ ವರ್ಸವೂ ಇಲ್ಲ. ಶಿವಮೂರ್ತಣ್ಣ ಬೆಳಿಗ್ಗೇನೆ ಬಂದೋದ್ರು.”

ಆ ಹೆಸರಿಗೆ ರಾಚಪ್ಪನ ಮೀಸೆ ಅದುರಿತು. “ಟ್ಯಾಂಕು ಕಟ್ಟಿಸ್ಕಂಡ ಮೇಲ ಕೈಕೊಟ್ರ?”

“ನಮ್ಮ ಬೀದೀಲಿ ಮುಯ್ಯಿ ತೀರಿಸ್ದೆ ಇರೋರ ಮನಗ ಹೆಣ್ಣನ್ನೂ ಕೊಡಲ್ಲ ಅಣ್ಣ. ಅಲ್ನೋಡಿ, ಇಪ್ಪತ್ತು ಜನ ಸಾಕ್ಷಿ.”

ಅವನು ನೋಡಿದ. ಹೊಲದಲ್ಲಿ ಯಾರೂ ಬಗ್ಗಿರಲಿಲ್ಲ. ಎಲ್ಲರೂ ಕುಡುಗೋಲು ಹಿಡಿದು ನೆಟ್ಟಗೆ ನಿಂತು ಇತ್ತಲೇ ನೋಡುತ್ತಿದ್ದರು. ರಾಚಪ್ಪ ಕೊನೆಗೆ ನಕ್ಕುಬಿಟ್ಟ. “ಆಯ್ತು ಬುಡು. ಮುಯ್ಯಿ ಅಂದ್ರ ಮುಯ್ಯಿ.”

ಶುಕ್ರವಾರದ ಮೀಟಿಂಗಿಗೆ ಕಿಟಕಿಗಳಲ್ಲೆಲ್ಲ ತಲೆಗಳು. ಗಡಿಯಾಚೆಯ ಊರು, ಆಡುವುದು ಕನ್ನಡ, ಕಚೇರಿಯ ಭಾಷೆ ತಮಿಳು; ಕ್ಲರ್ಕು ಮೂರು ಕೆಲಸಗಳನ್ನೂ ತಮಿಳಿನಲ್ಲೇ ಓದಿದ. ರೇವತಿ ಇವತ್ತು ಮುಂದಿನ ಕುರ್ಚಿಯಲ್ಲಿ ಕೂತಿದ್ದಳು. ಎದ್ದು ನಿಂತು ಕಿಟಕಿಯವರಿಗೂ ಕೇಳುವ ಹಾಗೆ ಹೇಳಿದಳು: “ಈ ವರ್ಸ ಕಾಲೋನಿ ಟ್ಯಾಂಕು ಅಂತ ತೀರ್ಮಾನಂ ಆಗ್ಲಿ.” ಕೂಡಲೇ ರಾಚಪ್ಪ “ನನ್ನ ಒಪ್ಗೆ” ಎಂದ.

ಶಿವಮೂರ್ತಿ ರಾಚಪ್ಪನ ಕಡೆ ನೋಡಿದ, ರೇವತಿಯ ಕಡೆ ನೋಡಿದ. ಕುಳಿತಲ್ಲೇ ಲೆಕ್ಕ ಹಾಕಿ ಮುಗಿಸಿದ. ಊರಾಳಿದ ತಲೆ, ಸುಮ್ಮನೇನಲ್ಲ.

“ತಡೀರಿ. ಟ್ಯಾಂಕು ಮೊದ್ಲೇ ಆಗ್ಲಿ, ನಾವೂ ಕೈ ಎತ್ತೀವಿ. ಎರಡ್ನೇದು, ಬರೋ ವರ್ಸಕ್ಕ ಶೆಡ್ಡು ಅಂತ ಸೇರಿಸು. ಟ್ಯಾಂಕು ಆಗೋಗಂಟ ನಾಳಿಂದಲೇ ನಮ್ಮ ಬೋರಿಂದ ನಿಮ್ಮ ಬೀದೀಗ ಪೈಪು ಎಳೆಸ್ತಿನಿ. ಏನಂತೀಯ ಮೆಂಬರಮ್ಮ?”

ಕಿಟಕಿಯ ತಲೆಗಳು ಗುಜುಗುಜು ಎಂದವು. ನಾಳೆಯಿಂದಲೇ ಬಾಗಿಲಿಗೆ ನೀರು! ಮಂಚಮ್ಮನ ಕಣ್ಣು ಅರಳಿದ್ದು ರೇವತಿಗೆ ಕಾಣಿಸಿತು. ರಾಚಪ್ಪ ತಲೆ ತಗ್ಗಿಸಿ ಕೂತಿದ್ದ, ತನ್ನ ದೀಪ ಹೋಯಿತು ಎನ್ನುವ ಹಾಗೆ. ಅವಳು ಬೊಮ್ಮಮ್ಮನ ಕಡೆ ತಿರುಗಿದಳು. ಮುದುಕಿ ಕಿಟಕಿಯಲ್ಲಿ ನಿಂತು ಎಲೆ ಅಗಿಯುತ್ತಿದ್ದಳು.

“ಎರಡ್ನೇದು ಆಗ್ಲೇ ಕೊಟ್ಟುಬುಟ್ಟೆ ಅಣ್ಣ,” ಎಂದಳು ರೇವತಿ. “ಒಲದಲ್ಲಿ.”

ಕೈಗಳು ಎದ್ದವು. ನಾಲ್ಕು. ಎದುರಿಗೆ ಮೂರು. ಮಾದೇವಮ್ಮ ಸಹಿ ಹಾಕುವ ಮೊದಲೇ ಕಿಟಕಿಯಲ್ಲಿ ಶಿಳ್ಳೆ ಬಿತ್ತು. ಶಿವಮೂರ್ತಿಯ ಬುಲೆಟ್ಟು ಧೂಳೆಬ್ಬಿಸಿ ಹೊರಟುಹೋಯಿತು.

ಮರುದಿನ ಬೆಳಿಗ್ಗೆ ನಲವತ್ತು ಮನೆಯ ಬಿಂದಿಗೆಗಳು ಹೊಲದಂಚಿನಲ್ಲಿ ಸಾಲು ನಿಂತವು. ಮೋಟರಿನ ಸದ್ದಿಲ್ಲ. ಮೋಟರು ಮನೆಯ ಬಾಗಿಲಲ್ಲಿ ಶಿವಮೂರ್ತಿಯೇ ನಿಂತಿದ್ದ, ಬೀಗದ ಕೈ ಬೆರಳಲ್ಲಿ ತಿರುಗಿಸುತ್ತ. ಮಾತು ಉಳಿಸಿಕೊಂಡು ನೀರು ಕಳೆದೆನೇ ಎಂದುಕೊಂಡಳು ರೇವತಿ.

“ಬರೋ ವರ್ಸ ದೀಪ,” ಎಂದ ಅವನು, ಬಿಂದಿಗೆಗಳನ್ನು ನೋಡುತ್ತ. “ಅದರಾಚೆ ವರ್ಸ?”

“ಶೆಡ್ಡು, ಅಣ್ಣ.”

“ಆಗ ನಿನ್ನ ಕೈ?”

“ಎತ್ತೀನಿ. ಈಗ ಮೋಟ್ರು?”

“ನಿಂಗ ಓಟಾಕ್ಬುಟ್ಟ ಆ ಹನ್ನೊಂದು ಜನ ಸಿಕ್ಕಲಿ ನಂಗ,” ಎಂದು ಗೊಣಗಿ ಬೀಗ ತೆಗೆದು ಗುಂಡಿ ಒತ್ತಿದ. ಪೈಪು ಎರಡು ಸಲ ಕೆಮ್ಮಿ, ನೀರು ಬಿಳಿಯಾಗಿ ನುಗ್ಗಿ ಬಂತು. ಹೆಂಗಸರು ಹೋ ಎಂದರು.

ಬೊಮ್ಮಮ್ಮ ಬಿಂದಿಗೆ ಒಡ್ಡುತ್ತ ಸೊಸೆಯ ಕಿವಿಯಲ್ಲಿ ಅಂದಳು: “ಮುಯ್ಯಾಳು ಒಬ್ಬ ಜಾಸ್ತಿಯಾದ ಕಣವ್ವ. ನಾಳ ಕುಡ್ಲು ತಕ್ಕೊಂಡು ಬರಾಕ ಯೋಳು.”