ಹತ್ತೊಂಬತ್ತು ಬೆಳಗು ಕೂಗದ ಹಕ್ಕಿ

ಜೊಂಡಿನ ದೃಶ್ಯದಲ್ಲಿ ಹಕ್ಕಿ ಕೂಗಿದಾಗ ಮೈ ಜುಮ್ಮೆಂದಿತು. ಹದಿನೆಂಟು ವರ್ಷ ಬೇರೆಯವರ ಸಾಕ್ಷ್ಯಚಿತ್ರಗಳಿಗೆ ಸಹಾಯಕಿಯಾಗಿ ದುಡಿದ ಮೇಲೆ ನನ್ನ ಹೆಸರಿನಲ್ಲೇ ಬರಲಿದ್ದ ಮೊದಲ ಚಿತ್ರ. ಒಂದು ಕೆರೆಯ ಮುನ್ನೂರು ವರ್ಷಗಳ ಕಥೆ. ಸಂಜೆ ಐದರೊಳಗೆ ಚಾನೆಲ್ಲಿಗೆ ಕಳುಹಿಸಬೇಕಿತ್ತು.

ಎರಡನೇ ಸಲ ನೋಡುವಾಗ ಅನುಮಾನ ಹುಟ್ಟಿತು. ಪರದೆಯ ಮೇಲೆ ಜೊಂಡು ಗಾಳಿಗೆ ಬಾಗಿ ಬಾಗಿ ಏಳುತ್ತಿತ್ತು. ಕೂಗಿನ ಹಿಂದೆ ಗಾಳಿಯ ಸುಳಿವೇ ಇರಲಿಲ್ಲ.

"ಈ ಕೂಗು ಎಲ್ಲಿ ಸಿಕ್ತೋ?"

ಧ್ವನಿ ಜೋಡಿಸುವವನು ನನ್ನ ಚಿಕ್ಕಪ್ಪನ ಮಗ. ಹೆಡ್‌ಫೋನನ್ನು ಕುತ್ತಿಗೆಗೆ ಇಳಿಸಿಕೊಂಡ. "ಹಳೇ ಟೇಪು ಅಕ್ಕಾ. ಮೂವತ್ತು ವರ್ಷದ ಹಿಂದೆ ಯಾರೋ ರೆಕಾರ್ಡ್ ಮಾಡಿದ್ದು. ಇದೇ ಕೆರೆ, ಇದೇ ಹಕ್ಕಿ. ಸುಳ್ಳೇನು ಬಂತು?"

"ಹತ್ತೊಂಬತ್ತು ಬೆಳಗು ಕಾದ್ವಲ್ಲ, ಒಂದ್ಸಲನಾದ್ರೂ ಕೂಗ್ತಾ?"

"ನಿನ್ನ ಮುಖ ನೋಡಿ ಹೆದರಿರ್ಬೇಕು."

ನಗು ಬಂತು, ನುಂಗಿಕೊಂಡೆ. "ತೆಗಿ."

"ತೆಗೆದ್ರೆ ಉಳಿಯೋದು ಕೆರೆಯಿಂದ ನೀರೆಳೆಯೋ ಪಂಪಿನ ಗುಡುಗುಡು. ನಿನ್ನೆ ಚಾನೆಲ್ ಮೇಡಂಗೆ ಇದನ್ನೇ ಕಳಿಸಿದ್ದೆ. ಕೇಳಿ, ರಾತ್ರಿ ಎಂಟೂವರೆಗೆ ಹಾಕ್ತೀವಿ ಅಂದ್ರು. ಕೈಗೆ ಬಂದ ತುತ್ತನ್ನ ಚೆಲ್ಕೋಬೇಡ."

ಎಂಟೂವರೆ ಎಂದರೆ ಮನೆಮಂದಿಯೆಲ್ಲ ಟಿವಿ ಮುಂದೆ ಕೂರುವ ಹೊತ್ತು. ಬಾಗಿಲಿನಿಂದ ಕಿಟಕಿಗೆ ನಾಲ್ಕು ಸಲ ನಡೆದಾಡಿದೆ. ಈ ಕೂಗು ಕೇಳಿದವರು, ಸದ್ಯ ಹಕ್ಕಿ ಸುಖವಾಗಿದೆಯಲ್ಲ ಎಂದುಕೊಂಡು ಊಟಕ್ಕೆ ಏಳುತ್ತಾರೆ. ಕೆರೆ ಬತ್ತುತ್ತಿದೆ ಎಂದು ನಾನು ಉಳಿದ ಐವತ್ತು ನಿಮಿಷ ಹೇಳಿದ್ದೆಲ್ಲ ನೀರಲ್ಲಿ ಹೋಮ.

"ಕೂಗನ್ನ ಕೆರೆಯ ಹಳೇ ಫೋಟೋ ಮೇಲೆ ಹಾಕು, ಇಸವಿ ಸಮೇತ. ಈಗಿನ ಕೆರೆಗೆ ಈಗಿನ ಸದ್ದು."

ಮೈಕಿನ ಮುಂದೆ ಕೂತು ಮೂರು ವಾಕ್ಯ ಓದಿದೆ: "ಈ ಕೂಗು ಮೂವತ್ತು ವರ್ಷ ಹಳೆಯದು. ನಾವು ಹತ್ತೊಂಬತ್ತು ಬೆಳಗು ಕಾದೆವು. ನಮಗೆ ಕೇಳಿಸಿದ್ದು ಇದು." ಆಮೇಲೆ ಒಂದು ನಿಮಿಷ ಬರೀ ಪಂಪು.

ಚಾನೆಲ್ಲಿನ ಮೇಡಂಗೆ ನಾನೇ ಫೋನ್ ಮಾಡಿ, ತಮ್ಮನಿಗೂ ಕೇಳಲೆಂದು ಸ್ಪೀಕರ್ ಹಾಕಿ, ಎಲ್ಲವನ್ನೂ ಹೇಳಿದೆ.

"ಒಂದು ನಿಮಿಷ ಗುಡುಗುಡು ಅಂದ್ರೆ ಜನ ಟಿವಿ ಕೆಟ್ಟೋಯ್ತು ಅಂತ ಅದರ ತಲೆಗೆ ಬಡೀತಾರಮ್ಮ!"

"ಬಡೀಲಿ ಮೇಡಂ. ಅಷ್ಟಾದ್ರೂ ಎಚ್ಚರ ಆಗ್ತಾರೆ."

ಆ ಕಡೆಯಿಂದ ನಿಟ್ಟುಸಿರು. "ಹಾಗಾದ್ರೆ ಎಂಟೂವರೆ ಮರೆತುಬಿಡಿ. ಭಾನುವಾರ ಬೆಳಗ್ಗೆ ಆರಕ್ಕೆ ಕೊಡಬಲ್ಲೆ."

"ಆ ಹೊತ್ತಲ್ಲಿ ಹಾಲಿನವನು ಬಿಟ್ರೆ ಯಾರೂ ಎದ್ದಿರಲ್ಲ," ಎಂದು ತಮ್ಮ ಗೊಣಗಿದ.

ಫೋನನ್ನು ಎರಡೂ ಕೈಯಲ್ಲಿ ಹಿಡಿದೆ. "ಆರಕ್ಕೇ ಆಗ್ಲಿ. ಆದ್ರೆ ನಿಮ್ಮಲ್ಲಿ ಯಾರೂ ಒಂದು ಸದ್ದನ್ನೂ ಸೇರಿಸ್ಬಾರ್ದು. ಅದನ್ನ ಬರೆದು ಕಳಿಸಿ."

"ನನ್ನ ಮೇಲೆ ನಂಬಿಕೆ ಇಲ್ವಾ?"

"ಇದೆ ಮೇಡಂ. ಆದ್ರೂ ಬರೆದು ಕಳಿಸಿ."

ಅವರ ಮೇಲ್ ಬರುವವರೆಗೂ ನಾನು ಚಿತ್ರ ಕಳುಹಿಸಲಿಲ್ಲ. ಬಂದಾಗ ಐದಕ್ಕೆ ಆರು ನಿಮಿಷ ಬಾಕಿ ಇತ್ತು. ಎರಡು ಸಲ ಓದಿ, ತಮ್ಮನಿಂದಲೂ ಒಮ್ಮೆ ಓದಿಸಿ, ಗುಂಡಿ ಒತ್ತಿದೆ.