ಗೊಬ್ಬರ ಒಲ್ಲದ ಗಿಡ

ಮುನಿಗಂಗಮ್ಮ ಡಬ್ಬದ ಗಿಡವನ್ನು ಬೆರಳ ತುದಿಯಿಂದ ಮುಟ್ಟಿ ನೋಡಿದಳು. ಅಂಟಲಿಲ್ಲ. ಮೊನ್ನೆಯವರೆಗೂ ಎಲೆಯ ಕೆಂಪು ಕೂದಲುಗಳ ತುದಿಯಲ್ಲಿ ಒಂದೊಂದು ಹನಿ ನಿಂತಿರುತ್ತಿತ್ತು, ಬಿಸಿಲು ಬಿದ್ದರೂ ಆರದ ಹನಿ. ಈಗ ಹನಿಯೂ ಇಲ್ಲ, ಕೆಂಪೂ ಇಲ್ಲ. ನಾಲ್ಕು ಡಬ್ಬದ ಗಿಡಗಳೂ ಬೇಯಿಸಿದ ಸೊಪ್ಪಿನ ಹಾಗೆ ಕಪ್ಪಾಗಿ ಮಲಗಿದ್ದವು.

ಒಳಗೆ ಗಂಡ ಆಂಜಿನಪ್ಪ ಕೆಮ್ಮಿದ. ಹದಿನೆಂಟು ವರ್ಷ ಚಿನ್ನದ ಗಣಿಯಲ್ಲಿ ಬಂಡೆ ಕೊರೆದವನು. ಕಲ್ಲಿನ ಧೂಳು ಎದೆಯಲ್ಲಿ ಕೂತುಬಿಟ್ಟಿದೆ, ಅದಕ್ಕೆ ಮದ್ದಿಲ್ಲ ಅಂತ ಡಾಕ್ಟರು ಮುಚ್ಚುಮರೆಯಿಲ್ಲದೆ ಹೇಳಿದ್ದರು. ಮಲಗಿದರೆ ಉಸಿರು ಸಿಗದೆ, ಗೋಡೆಗೆ ದಿಂಬು ಒರಗಿಸಿ ಕೂತೇ ಬೆಳಗು ಮಾಡುತ್ತಿದ್ದ. ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ ಅಂತಾರಲ್ಲ, ಮುನಿಗಂಗಮ್ಮನಿಗೆ ಸಿಕ್ಕಿದ್ದು ಈ ನೊಣ ಹಿಡಿಯುವ ಗಿಡ. ಬಂಗಾರಪೇಟೆ ಪಕ್ಕದ ಅವಳ ತವರೂರಿನಲ್ಲಿ ನಾಟಿ ಮದ್ದು ಕೊಡುವ ಮುದುಕ ದೊಡ್ಡವೆಂಕಟಪ್ಪ ಊರಾಚೆಯ ಬಂಡೆಯ ಮೇಲಿಂದ ಇದನ್ನು ಕಿತ್ತು ತಂದು ಕಷಾಯ ಮಾಡಿಕೊಟ್ಟಿದ್ದ. ಕುಡಿದ ಆಂಜಿನಪ್ಪ ಎರಡು ದಿನ ಕಣ್ಣುತುಂಬ ನಿದ್ದೆ ಮಾಡಿದ. ಕಷಾಯದಿಂದಲೋ, ಬರೀ ಸುಸ್ತಿನಿಂದಲೋ, ಅದನ್ನೆಲ್ಲ ಕೇಳುವ ಸ್ಥಿತಿಯಲ್ಲಿ ಅವಳಿರಲಿಲ್ಲ. ದಿನಕ್ಕೊಂದು ಹಿಡಿ ಹಸಿ ಗಿಡ ಬೇಕು, ಬಂಡೆಯ ಮೇಲೆ ಉಳಿದದ್ದು ಹತ್ತಾರು. ಬೆಳೆಸಿಕೋ ಅಂತ ಮುದುಕ ನಾಲ್ಕು ಡಬ್ಬಕ್ಕೆ ಮರಳು ಸಮೇತ ಎತ್ತಿಕೊಟ್ಟಿದ್ದ.

"ಬೆಳೆಸೋದಾ? ಅಷ್ಟೇನಾ ತಾತ?" ಅಂದಿದ್ದಳು. ಒಕ್ಕಲು ಮನೆಯ ಮಗಳು. ಅವಳು ಒಣಕಡ್ಡಿ ನೆಟ್ಟರೂ ಚಿಗುರುತ್ತದೆ ಅಂತ ಗಣಿ ಕೆಲಸಗಾರರ ಲೈನು ಮನೆಗಳ ಹೆಂಗಸರೆಲ್ಲ ಆಡಿಕೊಳ್ಳುತ್ತಿದ್ದರು. ಮನೆಗೆ ಬಂದವಳೇ ಆ ಬಡ ಮರಳನ್ನು ಕೊಡವಿ, ಕೆಮ್ಮಣ್ಣಿಗೆ ಹಳೆಯ ತಿಪ್ಪೆಗೊಬ್ಬರ ಬೆರೆಸಿ ನೆಟ್ಟಳು. ಸಂಜೆ ಸಂಜೆ ಸಗಣಿ ನೀರು ಬಿಟ್ಟಳು. ಪಾಪ, ಗಂಡನಿಗೆ ಉಣ್ಣಲು ಇಕ್ಕುವಷ್ಟೇ ಅಕ್ಕರೆಯಿಂದ. ಎಂಟೇ ದಿನಕ್ಕೆ ಹೀಗಾಗಿತ್ತು.

ಸತ್ತ ಗಿಡದ ಡಬ್ಬವೊಂದನ್ನು ಮಡಿಲಲ್ಲಿಟ್ಟುಕೊಂಡು ಮಾರಿಕುಪ್ಪಂನಲ್ಲಿ ತವರೂರಿಗೆ ರೈಲು ಹತ್ತಿದಳು. ದೊಡ್ಡವೆಂಕಟಪ್ಪ ಡಬ್ಬವನ್ನು ಮೂಗಿನ ಹತ್ತಿರ ಹಿಡಿದು ನೋಡಿದ.

"ಏನಾಕ್ದೆ ಅಮ್ಮಣ್ಣಿ ಇದಕ್ಕೆ?"

"ಗೊಬ್ರ ಆಕ್ದೆ ತಾತ. ಒಳ್ಳೆ ಗೊಬ್ರ."

"ಇದು ಗೊಬ್ರ ತಿನ್ನೋ ಗಿಡ ಅಲ್ಲ ಕಣಮ್ಮ. ಬಂಡೆ ಮ್ಯಾಲೆ ಏನೈತೆ? ಮರಳು, ಮಳೆ ನೀರು. ಕೆಳಗಿಂದ ಏನೂ ಸಿಗಾಕಿಲ್ಲ ಅಂತಾನೇ ನೊಣ ಇಡ್ಕಂಡು ತಿಂತದೆ. ಸಾರ ಇರೋ ಮಣ್ಣಿಗಿಟ್ರೆ ಬೇರು ಸುಟ್ಟೋಯ್ತದೆ."

"ಮೊದ್ಲೇ ಯಾಕೆ ಏಳ್ನಿಲ್ಲ ನೀನು?"

"ಗಿಡಕ್ಕೆ ಊಟ ಇಕ್ಬ್ಯಾಡ ಅಂತ ಒಕ್ಕಲು ಮಕ್ಳಿಗೆ ಏಳ್ಬೇಕು ಅಂತ ನಂಗೆಲ್ಲಿ ಒಳೀಬೇಕು?"

"ನನ್ ಕೈಯಾರೆ ಅವರ ಉಸ್ರು ಕಿತ್ಬಿಟ್ಟೆ ತಾತ" ಎಂದು ಅವಳು ಸೆರಗು ಬಾಯಿಗೆ ತುರುಕಿಕೊಂಡು ಅತ್ತಳು.

ಇಬ್ಬರೂ ಬಂಡೆಗೆ ಹೋದರು. ಮಳೆ ನಿಂತು ಹತ್ತು ದಿನವಾಗಿತ್ತು. ಗಿಡಗಳೆಲ್ಲ ಒಣಗಿ ಹೂವಿನ ಕಡ್ಡಿಗಳಷ್ಟೇ ನಿಂತಿದ್ದವು. ಮುದುಕ ಅವನ್ನು ಕಾಗದದ ಮೇಲೆ ಉಜ್ಜಿದ. ನಶ್ಯದಂಥ ಕಪ್ಪು ಪುಡಿ ಉದುರಿತು. "ಇದೇ ಬೀಜ. ಉಸ್ರು ಬಿಟ್ಟೀಯ, ಆರೋಯ್ತದೆ. ಮರಳ ಮ್ಯಾಲೆ ಉದುರ್ಸು, ಮುಚ್ಬ್ಯಾಡ. ಡಬ್ಬಕ್ಕೆ ತೂತು ಮಾಡಿ ಮಳೆ ನೀರಿನ ತಟ್ಟೇಲಿಡು. ಕೈಗೆ ಸಿಗಾಕೆ ಮೂರು ತಿಂಗಳಾಯ್ತದೆ."

"ಅಲ್ಲಿಗಂಟ ಅವರು ಇರ್ತಾರಾ?"

ಮುದುಕ ಕಾಗದ ಮಡಚಿ ಅವಳ ಕೈಗಿಟ್ಟ.

ಈ ಸಲ ಹೇಳಿದ ಹಾಗೆಯೇ ಮಾಡಿದಳು. ಹಂಡೆಯಲ್ಲಿ ಹಿಡಿದಿಟ್ಟಿದ್ದ ಮಳೆ ನೀರನ್ನು ಯಾರಿಗೂ ಮುಟ್ಟಗೊಡಲಿಲ್ಲ. ಇಪ್ಪತ್ತೆರಡನೆಯ ದಿನ ಮರಳಿನ ಮೇಲೆ ಒಂಬತ್ತು ಕೆಂಪು ಚುಕ್ಕೆ ಕಂಡವು. ಇನ್ನೊಂದು ತಿಂಗಳಿಗೆ ಅವು ಹಣೆಬೊಟ್ಟಿನಷ್ಟಾದವು, ಅಷ್ಟೇ. ಒಳಗೆ ಆಂಜಿನಪ್ಪ ಒಂದು ಮಾತಿಗೆ ಎರಡು ಸಲ ಉಸಿರೆಳೆಯುವಂತಾಗಿದ್ದ. ಹಿಡಿ ತುಂಬಬೇಕಾದರೆ ಇಂಥವು ನೂರಾರು ಬೇಕು.

ಅವಸರಕ್ಕೆ ಬಿದ್ದ ಮುನಿಗಂಗಮ್ಮ ಗಿಡಕ್ಕೆ ತಾನೇ ಉಣಿಸಲು ಕೂತಳು. ಬೆಲ್ಲಕ್ಕೆ ಇರುವೆ ಮುತ್ತಿದರೆ ಬಿಸಿಲಿಗಿಟ್ಟು, ಹೋಗ್ರಪ್ಪ ಅಂತ ಕಳಿಸಿಕೊಡುತ್ತಿದ್ದ ಹೆಂಗಸು. ಈಗ ಬಾಳೆಸಿಪ್ಪೆ ಕೊಳೆಸಿ, ಮುತ್ತಿದ ನುಸಿಗಳನ್ನು ಹಿಡಿದು, ಪೊರಕೆಕಡ್ಡಿಯ ತುದಿಯಿಂದ ಒಂದೊಂದೇ ಎಲೆಯ ಮೇಲೆ ಇಡುತ್ತಿದ್ದಳು.

ಒಂದು ಮಧ್ಯಾಹ್ನ ಆಂಜಿನಪ್ಪ ಗೋಡೆ ಹಿಡಿದುಕೊಂಡು ಹೊಸಿಲಿನವರೆಗೆ ಬಂದು ಕೂತ. ಡಬ್ಬದ ಕಡೆ ಬಗ್ಗಿ ನೋಡುತ್ತಲೇ ಇದ್ದ.

"ಅದು ಇನ್ನೂ... ಒದ್ದಾಡ್ತೈತೆ ಕಣೇ."

"ಒದ್ದಾಡ್ಲಿ ಬಿಡಿ. ಅದನ್ನ ತಿಂದ್ರೆ ಗಿಡ ಬೆಳೀತದೆ. ಬೆಳೆದ್ರೆ ನಿಮಗೆ ಮದ್ದಾಯ್ತದೆ."

"ಯಾವಾಗ ಇಟ್ಟೆ?"

"ಬೆಳಿಗ್ಗೆ."

ಅವನು ಹೊಸಿಲಿಗೆ ಎರಡೂ ಕೈ ಊರಿ ಭುಜ ಮೇಲೆತ್ತಿ ಉಸಿರೆಳೆದುಕೊಂಡ. "ಬೆಳಿಗ್ಗೆಯಿಂದಾನಾ. ಇಡೋದಾದ್ರೆ... ಸಾಯ್ಸಿ ಇಡೇ ಗಂಗಿ."

ಅವಳು ಕಡ್ಡಿಯ ತುದಿಯಿಂದ ನುಸಿಯನ್ನು ಬಿಡಿಸಿ ಹೆಬ್ಬೆರಳ ಉಗುರಿನ ಮೇಲೆ ಇಟ್ಟುಕೊಂಡಳು. ರೆಕ್ಕೆಗೆ ಅಂಟು ಮೆತ್ತಿತ್ತು. ಇನ್ನೊಂದು ಉಗುರನ್ನು ಅದರ ಮೇಲೆ ತಂದಳು. ಹಿಂದೆ ಕೆಮ್ಮು ಶುರುವಾಯಿತು. ಅವಳು ಉಗುರು ಒತ್ತದೆ, ಕೈಯನ್ನು ಹಾಗೇ ತಡೆದು ಹಿಡಿದು, ಕೆಮ್ಮು ನಿಲ್ಲುವುದನ್ನೇ ಕಾಯುತ್ತ ಕೂತಳು.